ಊರ್ ಎಂಬ ಊರಿನ ಹೆಂಗಸರು

ಬಾಗಲೂರು, ೧೯೪೩

ಬಸ್ರಾದ ಬಿಸಿಲಿನಲ್ಲಿರುವ ನನ್ನವರಿಗೆ, ಶ್ಯಾಮಲಳ ನಮಸ್ಕಾರಗಳು.

'ಇಲ್ಲಿ ಮಣ್ಣಿನ ದಿಬ್ಬಗಳ ಹೊರತು ಏನೂ ಇಲ್ಲ' ಎಂದು ಬರೆದಿದ್ದೀರಿ. ಆ ದಿಬ್ಬಗಳಲ್ಲೊಂದು ಊರ್ ಎಂಬ ಪಟ್ಟಣ. ನಾಲ್ಕು ಸಾವಿರ ವರ್ಷದ ಹಿಂದೆ ಆ ನಾಡಿನ, ಅಂದರೆ ಸುಮೇರಿಯದ, ಗುಮಾಸ್ತರು ಹಸಿಮಣ್ಣಿನ ಹಲಗೆಗಳ ಮೇಲೆ ಕೊರೆದಿಟ್ಟದ್ದನ್ನು ಓದಲು ಮದುವೆಗೆ ಮುಂಚೆ ಮದರಾಸಿನಲ್ಲಿ ಕಲಿತವಳು ನಾನು. ಓದಬಲ್ಲವಳು ಬಾಗಲೂರಿನ ಒಳಮನೆಯಲ್ಲಿ. ಆ ದಿಬ್ಬಗಳ ಪಕ್ಕದಲ್ಲೇ ಬಂದೂಕು ಹಿಡಿದು ನಿಂತವರು ನೀವು. ನೆನೆದರೆ ನಗು ಬರುತ್ತದೆ.

ಹೋದ ತಿಂಗಳು ನನ್ನ ಮೇಷ್ಟರು ಆ ಹಲಗೆಗಳ ನಕಲು ಕಳಿಸಿ, ಜೊತೆಯಲ್ಲಿ ಕೆಲಸ ಮಾಡಲು ಮದರಾಸಿಗೆ ಕರೆದರು. "ಮಗ ಯುದ್ಧದಾಗವ್ನೆ, ಸೊಸೆ ಮಣ್ಣು ಓದಕ್ಕೆ ಹೋಯ್ತಾಳಂತೆ!" ಎಂದು ಮಾವನವರು ನಕಲುಗಳನ್ನು ಪೆಟ್ಟಿಗೆಗೆ ಹಾಕಿ ಬೀಗ ಜಡಿದರು. ಅಂದಿನಿಂದ ನನ್ನನ್ನು ಬಾವಿಗೂ ಒಬ್ಬಳನ್ನೇ ಬಿಡುವುದಿಲ್ಲ.

ರಾಗಿ ಬೀಸುವಾಗ ಅತ್ತೆ ಕೇಳಿದರು, "ಅದ್ರಲ್ಲಿ ಏನ್ ಬರ್ದವ್ರಮ್ಮಿ?" ನೇಯುವ ಹೆಂಗಸರಿಗೆ ಅಳೆದುಕೊಟ್ಟ ಜವೆಗೋಧಿ, ಉಣ್ಣೆ, ಒಬ್ಬೊಬ್ಬಳ ಹೆಸರು, ಅವಳ ಮಗುವಿನ ಹೆಸರು ಎಂದೆ. ಅವರ ಕೈ ನಿಂತಿತು. "ಕೂಲಿ ಹೆಂಗಸ್ರ ಹೆಸ್ರೂನಾ? ನಂದು ಎಲ್ಲೂ ಬರ್ದಿಲ್ಲ ಕಣಮ್ಮಿ." ಇದ್ದಿಲಿನಿಂದ ನೆಲದ ಮೇಲೆ 'ಮಂಗಮ್ಮ' ಎಂದು ಬರೆದು ತೋರಿಸಿದೆ. ಸಂಜೆಯವರೆಗೂ ಅದನ್ನು ತುಳಿಯದೆ ಸುತ್ತಿ ನಡೆದರು.

ಮೊನ್ನೆ ಮಾವ ಡೆಂಕಣಿಕೋಟೆಗೆ ಹೋದಾಗ ಅತ್ತೆಯೇ ಬೀಗ ತೆಗೆದು, ನಕಲುಗಳನ್ನು ನನ್ನ ಮಡಿಲಿಗಿಟ್ಟರು. "ಹೊಸೂರು ಬಸ್ಸು ಬತ್ತದೆ, ಹೋಗ್ಬುಡು. ನಾನು ಏನೋ ಹೇಳ್ಕೋತೀನಿ." ರಸ್ತೆಯವರೆಗೂ ಹೋದೆ. ತಿರುಗಿ ನೋಡಿದರೆ ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದರು. ಮಾವ ಬಂದ ಮೇಲೆ ಪೆಟ್ಟು ಯಾರ ಬೆನ್ನಿಗೆ ಬೀಳುತ್ತದೆಂದು ಈ ಮನೆಯಲ್ಲಿ ಬೆಳೆದ ನಿಮಗೆ ಹೇಳಬೇಕಾಗಿಲ್ಲ. ಬಸ್ಸು ಬಂತು, ಹೋಯಿತು. ಒಳಗೆ ಬಂದು ನಕಲುಗಳನ್ನು ಪೆಟ್ಟಿಗೆಯಲ್ಲಿಟ್ಟು ನಾನೇ ಬೀಗ ಹಾಕಿದೆ.

ಇದು ಅಪ್ಪಣೆ ಕೇಳುವ ಕಾಗದವಲ್ಲ. ಇನ್ನೊಮ್ಮೆ ಹೊರಟರೆ ನಾನೊಬ್ಬಳೇ ಹೊರಡುವುದಿಲ್ಲ. ನಿಮ್ಮ ತಾಯಿಯನ್ನೂ ಕರೆದೊಯ್ಯುತ್ತೇನೆ. ಅವರಿಗೆ ಹೇಳಿದೆ. ನಿನ್ನೆ ಕಾಳು ಕೇರುತ್ತಾ ಮೆಲ್ಲಗೆ ಕೇಳಿದರು: "ಮದ್ರಾಸಲ್ಲಿ ರಾಗಿ ಸಿಕ್ತದಾ?"

ಯುದ್ಧ ನಿಮ್ಮನ್ನು ಮುಟ್ಟದಿರಲಿ. ನಾವು ಎಲ್ಲಿರುತ್ತೇವೋ ಅಲ್ಲಿಗೆ ಕ್ಷೇಮವಾಗಿ ಬನ್ನಿ.

ನಿಮ್ಮವಳೇ ಆದ,
ಶ್ಯಾಮಲ