ಕ್ಲೆಮ್‌ನ ಮೀನಿನ ಆಟ

ವಯಾಲ, ದಕ್ಷಿಣ ಆಸ್ಟ್ರೇಲಿಯಾ
11 ಫೆಬ್ರವರಿ 1985

ಕಂಪ್ಯೂಟರ್ ಕ್ಲಬ್ಬಿನ ಕಾರ್ಯದರ್ಶಿ ಶ್ರೀ ಪಾಸ್ಕೋ ಅವರಿಗೆ,

ಕಳೆದ ವರ್ಷ ನಿಮ್ಮ ಸಭೆಯಲ್ಲಿ ಎದ್ದು ನಿಂತು ನಿಮ್ಮನ್ನೆಲ್ಲ ಕಳ್ಳರು ಎಂದವಳು ನಾನೇ. ನನ್ನ ಗಂಡ ಕ್ಲೆಮ್ ಬರೆದ ಮೀನು ಹಿಡಿಯುವ ಕಂಪ್ಯೂಟರ್ ಆಟವನ್ನು ನೀವು ಪುಕ್ಕಟೆ ನಕಲು ಮಾಡಿಕೊಂಡು ಹಂಚಿದಿರಿ. ಆ ಮಾತನ್ನು ನಾನು ಹಿಂತೆಗೆದುಕೊಳ್ಳುವುದಿಲ್ಲ. ಕ್ಲೆಮ್ ಮಾತ್ರ, "ಬಿಡೇ ಮಾರಾಯ್ತಿ, ನನ್ನ ಮೀನು ಊರೆಲ್ಲ ಈಜಾಡ್ಲಿ" ಎಂದು ನಕ್ಕಿದ್ದರು.

ಈಗ ಪಾರ್ಶ್ವವಾಯು ಬಡಿದು ಅವರ ಮಾತು ನಿಂತಿದೆ. ಶುಕ್ರವಾರ ಆಸ್ಪತ್ರೆಯಿಂದ ಮನೆಗೆ ಕರೆತರುತ್ತೇನೆ. ಎಡಗೈ ಚೆನ್ನಾಗಿದೆ, ಆಟ ಆಡಬಲ್ಲರು. ಆದರೆ ಆ ಆಟ ತುಂಬಿಸಿಟ್ಟಿದ್ದ, ನಮ್ಮಲ್ಲಿದ್ದ ಒಂದೇ ಕ್ಯಾಸೆಟ್ಟನ್ನು ನಾನೇ ಕಾರಿನೊಳಗೆ ಬಿಸಿಲಿಗೆ ಬಿಟ್ಟು ಹಾಳುಮಾಡಿದ್ದೇನೆ.

ದಯವಿಟ್ಟು ಒಂದು ನಕಲು ಮಾಡಿಕೊಡಿ. ಖಾಲಿ ಕ್ಯಾಸೆಟ್ಟು ಇದರೊಂದಿಗಿದೆ. ಗುರುವಾರ ನಾನೇ ಬಂದು ತೆಗೆದುಕೊಳ್ಳುತ್ತೇನೆ.

ಮೀನು ಸಿಕ್ಕಾಗಲೆಲ್ಲ ಪರದೆಯ ಮೇಲೆ "ಎನಿಡ್, ಬಾಣಲೆ ಇಡೇ!" ಎಂದು ಬರುತ್ತದೆ. ಅದನ್ನು ನೋಡಿ ನಿಮ್ಮವರು ನಕ್ಕದ್ದೂ ನನಗೆ ಗೊತ್ತು. ಕೆಲವರು ಅಲ್ಲಿ ತಮ್ಮ ಹೆಂಡತಿಯರ ಹೆಸರು ಹಾಕಿಕೊಂಡಿದ್ದಾರಂತೆ. ಅಂಥ ನಕಲು ನನಗೆ ಬೇಡ. ಕ್ಲೆಮ್ ನನ್ನ ಹೆಸರು ಹಿಡಿದು ಕರೆದು ಐದು ವಾರವಾಯಿತು.

ಇತಿ,
ಎನಿಡ್ ಟ್ರೆವಾರೋ