ಕಾಶಿಗೆ ಹೋದ ಅಜ್ಜಿ

ಮಾರ್ಚ್ 3, ಬೆಳಿಗ್ಗೆ 7

ಕೆನ್ನೆ ಉಬ್ಬಿಸುವುದು, ಹತ್ತು ಸಲ. ಗಾಳಿ ಎಡಗಡೆಯಿಂದ ಸೋರಿತು. ಪ, ಬ, ಮ — ಒಂದೂ ನಿಲ್ಲುವುದಿಲ್ಲ. ಕಾಫಿ ಕುಡಿದರೆ ಸೆರಗು ಒದ್ದೆ. ಮುಖದ ಎಡಭಾಗಕ್ಕೆ ಲಕ್ವ ಹೊಡೆದು ಇಂದಿಗೆ ಇಪ್ಪತ್ತೆರಡು ದಿನ. "ಆರು ತಿಂಗಳು ಕಾಯಿರಿ, ಬಹಳ ಜನಕ್ಕೆ ಸರಿಹೋಗುತ್ತೆ" ಎಂದಿದ್ದಾರೆ ತಿಪಟೂರಿನ ಡಾಕ್ಟರ್. ಬೆಂಗಳೂರಿನ ರೂಮಿಗೆ ಬೀಗ. ನೊಣವಿನಕೆರೆಯಲ್ಲಿ ಅಕ್ಕ ನಿಂಗಮ್ಮನ ಮನೆಯಲ್ಲಿದ್ದೇನೆ.

ಮಾರ್ಚ್ 5

ಸೀರಿಯಲ್‌ನ ಅಸೋಸಿಯೇಟ್ ಡೈರೆಕ್ಟರ್ ಜ್ಞಾನೇಶ್ ಫೋನ್ ಮಾಡಿದ್ದ. "ಟೆನ್ಶನ್ ಮಾಡ್ಕೋಬೇಡಿ ಮೇಡಂ. ಅಜ್ಜೀನ ಕಾಶಿಗೆ ಕಳಿಸಿದೀವಿ. ನೀವು ಹುಷಾರಾದ ದಿನ ವಾಪಸ್ ಬರ್ತಾರೆ."

ನಕ್ಕೆ — ಅರ್ಧ.

ನಾಲ್ಕು ವರ್ಷದಿಂದ ಆ ಅಜ್ಜಿ ನಾನೇ. ಅದಕ್ಕೂ ಮೊದಲು ಮೂವತ್ತೊಂದು ವರ್ಷ ಕಂಪನಿ ನಾಟಕ. ರಾಣಿ, ಜಗಳಗಂಟಿ ಅತ್ತೆ, ಕುಡುಕನ ಹೆಂಡತಿ. ನಾಯಕನಿಗೆ ಜ್ವರ ಬಂದ ದಿನ ಮೀಸೆ ಅಂಟಿಸಿಕೊಂಡು ನಾಯಕ. ಯಾವ ಮುಖ ಕೇಳಿದರೂ ಕೊಟ್ಟೆ. ಈಗ ನನ್ನ ಮುಖವೇ ನನ್ನ ಮಾತು ಕೇಳುತ್ತಿಲ್ಲ.

ಮಾರ್ಚ್ 24

ಕೆಂಚಪ್ಪ ಮೇಷ್ಟ್ರು ಬಂದಿದ್ದರು. ಹದಿನೇಳನೇ ವಯಸ್ಸಿನಲ್ಲಿ ನನ್ನನ್ನು ಸ್ಟೇಜ್ ಹತ್ತಿಸಿದವರು. ಅಂಕಮ್ಮ ಎಂಬ ಹೆಸರು ತೆಗೆದು ಅನುಪಮಾ ಎಂದು ಇಟ್ಟವರು. ಅರಳಗುಪ್ಪೆಯಲ್ಲಿ ನಾಟಕವಂತೆ. ಮಗನನ್ನು ಕಳೆದುಕೊಂಡ ತಾಯಿಯ ಪಾತ್ರ.

"ಮುಖ ನೋಡಿ ಮೇಷ್ಟ್ರೇ."

"ಅಷ್ಟ್ ದೂರದಿಂದ ಮುಖ ಯಾರ್ ನೋಡ್ತಾರವ್ವ? ನಿನ್ ಕಂಠ ಕೇಳಕ್ ಬತ್ತಾರೆ."

ಒಪ್ಪಿದೆ. ತಪ್ಪು ಮಾಡಿದೆನೋ ಏನೋ...

ಏಪ್ರಿಲ್ 11

ಅಜ್ಜಿ ಕಾಶಿಯಿಂದ ಬಂದಳು. ಬೇರೆಯವಳು. ಟಿವಿಯ ಕೆಳಗೆ ಒಂದು ಸಾಲು ಓಡಿತು — 'ಈ ಪಾತ್ರದಲ್ಲಿ ಇನ್ನು ಮುಂದೆ...' ಹೆಸರು ಓದಲಿಲ್ಲ. ಮೈಮೇಲೆ ನನ್ನದೇ ಕಂದು ಸೀರೆ, ಮೇಕಪ್ ರೂಮಿನಲ್ಲಿ ಬಿಟ್ಟುಬಂದದ್ದು. ಮೊಮ್ಮಗಳಾಗಿ ನಟಿಸುವ ಮಗು ಓಡಿಬಂದು ಅವಳನ್ನು ತಬ್ಬಿಕೊಂಡಿತು.

"ಆಫ್ ಮಾಡ್ತೀನಿ ಬುಡು ಕಣೇ," ನಿಂಗಮ್ಮ ರಿಮೋಟ್ ಹುಡುಕಿದಳು.

"ಇರ್ಲಿ."

ಪೂರ್ತಿ ನೋಡಿದೆ. ಚೆನ್ನಾಗಿ ಮಾಡುತ್ತಾಳೆ. ಕೆಟ್ಟದಾಗಿ ಮಾಡಿದ್ದರೆ ನಿದ್ದೆ ಬರುತ್ತಿತ್ತು.

ಜ್ಞಾನೇಶ್ ಫೋನ್ ಎತ್ತಲಿಲ್ಲ.

ಏಪ್ರಿಲ್ 27, ಮಧ್ಯಾಹ್ನ

ಬರೆದುಬಿಡಬೇಕು. ನಿನ್ನೆ ಅರಳಗುಪ್ಪೆ. ಮೊದಲ ದೃಶ್ಯ ಸರಿಹೋಯಿತು. ಕಂಠ ಎದ್ದಿತು, ಜನ ಸುಮ್ಮನಾದರು.

ಆಮೇಲೆ ಮಗನ ಹೆಣದ ಮುಂದೆ ಅಳುವ ದೃಶ್ಯ. ಬಾಯಿ ಬಲಕ್ಕೆ ಎಳೆಯಿತು. ಎಡಗಡೆ ಕಣ್ಣು ಬಿಟ್ಟುಕೊಂಡು ಸುಮ್ಮನೆ ನೋಡುತ್ತಿತ್ತು. 'ಮಗನೇ' ಎಂದದ್ದು 'ವಗನೇ' ಆಯಿತು. ಮುಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ಆಮೇಲೆ ಇಡೀ ಮೈದಾನ. ಹೆಣವಾಗಿ ಮಲಗಿದ್ದವನ ಹೊಟ್ಟೆಯೂ ಕುಲುಕುತ್ತಿತ್ತು. ಮೇಷ್ಟ್ರ ಹಾರ್ಮೋನಿಯಂ ನಿಂತಿತು.

ಪರದೆ ಎಳೆಯಿರಿ ಎನ್ನಬಹುದಿತ್ತು. ಎನ್ನಲಿಲ್ಲ. ನಗು ಬಂದ ಕಡೆಗೆ ಮೈ ತಾನೇ ತಿರುಗಿತು — ಅಭ್ಯಾಸ. ಬಾಯಿ ಇನ್ನಷ್ಟು ಸೊಟ್ಟ ಮಾಡಿದೆ. ವಗನೇ, ವಗನೇ ಎಂದು ಸತ್ತವನ ಮೂಗು ಹಿಂಡಿದೆ. ಶಿಳ್ಳೆ. ಒನ್ಸ್ ಮೋರ್. ಎಷ್ಟು ವರ್ಷದ ಮೇಲೆ ಒನ್ಸ್ ಮೋರ್...

"ಕಾಮಿಡಿ ಸಖತ್ತಾಗಿತ್ತು ಕಣಕ್ಕ," ಎಂದರು ಕಮಿಟಿಯವರು.

ಮೇಷ್ಟ್ರು ಹಾರ್ಮೋನಿಯಂಗೆ ಬಟ್ಟೆ ಸುತ್ತುತ್ತಿದ್ದರು. ನನ್ನ ಕಡೆ ನೋಡಲಿಲ್ಲ. "ಸತ್ತೋನು ನಿನ್ ಮಗ ಕಣವ್ವ," ಎಂದರು. ಅಷ್ಟೇ.

ಮೇ 2

ಯಾರೋ ವಿಡಿಯೋ ಮಾಡಿ ಹಾಕಿದ್ದಾರೆ. ಎಲ್ಲರ ಫೋನಿನಲ್ಲೂ ನಾನೇ. ಬಸ್ಸಿನಲ್ಲಿ ಹಿಂದಿನಿಂದ 'ವಗನೇ' ಎಂದು ಕೂಗಿದರು. ತಿರುಗಲಿಲ್ಲ.

ತಿಪಟೂರಿನಲ್ಲಿ ಫಿಸಿಯೋಥೆರಪಿ ಮಾಡುವ ಸೌಂದರ್ಯ ನನ್ನ ತುಟಿಯ ಎಡ ಅಂಚು ಮುಟ್ಟಿದಳು. "ನೋಡಿ ಆಂಟಿ, ಅಲುಗ್ತಾ ಇದೆ! ಬಿಡಬೇಡಿ, ಬರುತ್ತೆ." ಅವಳಿಗೇ ಹೆಚ್ಚು ಖುಷಿ.

ಮೇ 6, ಸಂಜೆ

ಜ್ಞಾನೇಶ್ ಫೋನ್. ಅವನಾಗಿಯೇ.

"ಕಾಮಿಡಿ ಶೋ ಮೇಡಂ. ವಾರಕ್ಕೆರಡು ಎಪಿಸೋಡ್. ಚಾನೆಲ್‌ನೋರಿಗೆ ಆ ಮುಖಾನೇ ಬೇಕಂತೆ. ಒಂದ್ ವಿಷ್ಯ... ಅದು ವಾಸಿ ಆಗ್ಬಿಡಲ್ಲ ತಾನೆ?"

ನಿಂಗಮ್ಮ ಬಾಗಿಲಲ್ಲಿ ಕೂತು ತೆಂಗಿನ ಗರಿ ಸೀಳಿ ಪೊರಕೆ ಕಡ್ಡಿ ತೆಗೆಯುತ್ತಿದ್ದಳು.

"ಇಲ್ಲ," ಎಂದೆ. "ವಾಸಿ ಆಗಲ್ಲ ಅಂತ ಡಾಕ್ಟರೇ ಹೇಳಿದಾರೆ."

ಅವಳ ಕೈಯಲ್ಲಿದ್ದ ಕತ್ತಿ ನಿಂತಿತು. ಫೋನ್ ಇಡುವವರೆಗೂ ಕಾದಳು.

"ಯಾವ್ ಡಾಕ್ಟ್ರು ಹೇಳಿದ್ರೇ, ಅಂಕಿ?"

ನಾಳೆ ಫಿಸಿಯೋಥೆರಪಿ ಇದೆ. ಇನ್ನು ಹೋಗುವುದಿಲ್ಲ ಎಂದು ನಿಂಗಮ್ಮನಿಗೆ ಹೇಗೆ ಹೇಳಲಿ?