ಸದ್ದು ಮಾಡುತ್ತಾ ಉಸಿರಾಡುವವರ ಪರವಾಗಿ

ಆಸ್ಪತ್ರೆಗಳ ಗುಣಮಟ್ಟ ವಿಭಾಗದ ನಿರ್ದೇಶಕರಿಗೆ

ಮಾನ್ಯರೇ,

ತಮ್ಮ ‘ನಿಶ್ಶಬ್ದ ಆಸ್ಪತ್ರೆ’ ಯೋಜನೆಯಲ್ಲಿ ನಮ್ಮೂರಿನ ದೊಡ್ಡಾಸ್ಪತ್ರೆಗೆ ಬೆಳ್ಳಿ ದರ್ಜೆ ಸಿಕ್ಕಿದ್ದಕ್ಕೆ ಅಭಿನಂದನೆಗಳು. ಆ ಬೆಳ್ಳಿಗಾಗಿ ಐದನೇ ವಾರ್ಡಿನಲ್ಲಿ ನನ್ನ ಅಕ್ಕನ ಉಸಿರಾಟದ ಯಂತ್ರದ ಗಾಳಿಯನ್ನು ಅರ್ಧಕ್ಕಿಂತ ಕೆಳಗೆ ಇಳಿಸಲಾಗಿತ್ತು. ಯಂತ್ರ ಸದ್ದು ಮಾಡುತ್ತಿತ್ತು ಎಂಬುದಷ್ಟೇ ಅದಕ್ಕೆ ಕಾರಣ. ಮುಂದಿನ ವಾರ ತಮ್ಮ ತಂಡ ಚಿನ್ನದ ದರ್ಜೆಯ ಪರಿಶೀಲನೆಗೆ ಮತ್ತೆ ಬರುತ್ತಿದೆ. ಅಕ್ಕ ಈಗ ಮತ್ತೆ ಅದೇ ವಾರ್ಡಿನಲ್ಲಿ, ಅದೇ ಯಂತ್ರದ ಆಸರೆಯಲ್ಲಿ ಮಲಗಿದ್ದಾಳೆ. ಈ ಪತ್ರ ಬರೆಯಲು ಬೇರೆ ಕಾರಣ ಬೇಕಿಲ್ಲ. ಪತ್ರಿಕೆಯಲ್ಲಿ ಬರೆಯುವ ಮೊದಲು ತಮ್ಮ ಕಚೇರಿಗೆ ಫೋನ್ ಮಾಡಿದ್ದೆ. ಎತ್ತಿಕೊಂಡವರು ಬಹಳ ಮೆಲುದನಿಯಲ್ಲಿ ಉತ್ತರಿಸಿದರು. ಯೋಜನೆ ಕಚೇರಿಯಲ್ಲೂ ಜಾರಿಯಲ್ಲಿರಬೇಕು. ಒಂದಕ್ಷರವೂ ಕೇಳಿಸಲಿಲ್ಲ.

ಮೊದಲು ಯಂತ್ರದ ವಿಷಯ. ತಮಗೆ ಗೊತ್ತಿರುತ್ತದೆ ಎಂದು ನಂಬುವುದು ಸೌಜನ್ಯ, ಆದರೆ ಆ ಸೌಜನ್ಯಕ್ಕೆ ನಾವು ಈಗಾಗಲೇ ಬೆಲೆ ತೆತ್ತಿದ್ದೇವೆ. ಮೂಗಿನ ಮೂಲಕ ಹೆಚ್ಚಿನ ಹರಿವಿನಲ್ಲಿ ಆಮ್ಲಜನಕ ಕೊಡುವ ಈ ಚಿಕಿತ್ಸೆಯನ್ನು ವಾರ್ಡಿನಲ್ಲಿ ಎಲ್ಲರೂ ‘ಹೈ ಫ್ಲೋ’ ಅನ್ನುತ್ತಾರೆ. ಮೂಗಿಗೆ ಎರಡು ಮೆತ್ತನೆಯ ಕೊಳವೆ, ಅದರ ಹಿಂದೆ ದಪ್ಪನೆಯ ಪೈಪು, ಅದರ ಹಿಂದೆ ಗಾಳಿಯನ್ನು ಬೆಚ್ಚಗೆ ಮಾಡಿ, ತೇವ ಬೆರೆಸಿ, ರಭಸವಾಗಿ ದೂಡುವ ಪೆಟ್ಟಿಗೆ. ಸಾಮಾನ್ಯ ಆಮ್ಲಜನಕದ ಮಾಸ್ಕಿನಲ್ಲಿ ನಿಮಿಷಕ್ಕೆ ಹತ್ತು ಹದಿನೈದು ಲೀಟರ್ ಹರಿದರೆ ಹೆಚ್ಚು. ಇದರಲ್ಲಿ ಐವತ್ತು, ಅರವತ್ತು ಲೀಟರ್ ಹರಿಯುತ್ತದೆ. ಶ್ವಾಸಕೋಶ ಸೋತವರು ಹಸಿದವರಂತೆ ಗಾಳಿ ಎಳೆಯುತ್ತಾರೆ. ಅವರು ಎಳೆಯುವಷ್ಟನ್ನೂ ಈ ಯಂತ್ರ ಕೊಡಬಲ್ಲದು, ಅದರಿಂದ ಎಳೆಯುವ ಶ್ರಮವೇ ಕಡಿಮೆಯಾಗುತ್ತದೆ. ಬಾಯಿಗೆ ಏನೂ ಅಡ್ಡವಿಲ್ಲದ ಕಾರಣ ರೋಗಿ ಮಾತಾಡಬಹುದು, ವೈದ್ಯರು ಒಪ್ಪಿದರೆ ಎರಡು ತುತ್ತು ತಿನ್ನಬಹುದು. ಗಂಟಲಿಗೆ ನಳಿಕೆ ಇಳಿಸಿ ವೆಂಟಿಲೇಟರಿಗೆ ಹಾಕುವುದು ಎಷ್ಟೋ ಜನರಲ್ಲಿ ಇದರಿಂದ ತಪ್ಪುತ್ತದೆ. ಎಲ್ಲರಲ್ಲೂ ಅಲ್ಲ. ಅದಕ್ಕೇ ಪಕ್ಕದಲ್ಲಿ ನಿಂತು ಕಾಯಬೇಕು, ಅಲಾರಂ ಕೇಳಿಸಿಕೊಳ್ಳಬೇಕು. ಇಷ್ಟು ಗಾಳಿ ಹರಿದರೆ ಸದ್ದಾಗುತ್ತದೆ. ಸದ್ದಿಲ್ಲದ ಗಾಳಿ ಬೇಕಾದವರು ಬೀಸಣಿಗೆ ಕೊಳ್ಳಬಹುದು.

ಇನ್ನು ನನ್ನ ಅಕ್ಕ. ತರಕಾರಿ ಸಗಟು ಮಾರುಕಟ್ಟೆಯಲ್ಲಿ ಹರಾಜು ಕೂಗುವವಳು. ಅಲ್ಲಿ ಅವಳನ್ನು ‘ಮೈಕಮ್ಮ’ ಅನ್ನುತ್ತಾರೆ. ಅವಳ ಕೈಗೆ ಯಾರೂ ಮೈಕು ಕೊಟ್ಟಿಲ್ಲ, ಬೇಕಾಗಿಯೂ ಇಲ್ಲ. ನ್ಯುಮೋನಿಯಾ ಎರಡೂ ಶ್ವಾಸಕೋಶಗಳಿಗೆ ಹತ್ತಿಕೊಂಡಾಗ, ಒಂದು ವಾಕ್ಯವನ್ನು ಮೂರು ತುಂಡು ಮಾಡಿ ಹೇಳುವ ಸ್ಥಿತಿಯಲ್ಲಿ ಅವಳನ್ನು ಕರೆತಂದೆವು. ಮಾಸ್ಕು ಸಾಲಲಿಲ್ಲ. ವಾರ್ಡಿನ ವೈದ್ಯೆ ಹೈ ಫ್ಲೋ ಹಾಕಿಸಿ ಐವತ್ತು ಲೀಟರಿಗೆ ಇಟ್ಟರು. ಸಂಜೆಯ ಹೊತ್ತಿಗೆ ಅಕ್ಕ ಕಣ್ಣರಳಿಸಿ ನನ್ನನ್ನು ಹತ್ತಿರ ಕರೆದಳು.

“ಏನೇ ಇದು, ಓಡೋ ಬಸ್ಸಿನ ಕಿಟಕಿಯಿಂದ ಮೂತಿ ಹೊರಗೆ ಹಾಕಿದ ಹಾಗಿದೆ!”

“ಕಷ್ಟ ಆಗ್ತಿದ್ಯಾ ಅಕ್ಕ?”

“ಕಷ್ಟ ಏನಿಲ್ಲ. ಟಿಕೆಟ್ ತಗೊಂಡಿದ್ದೀಯ ತಾನೇ?”

ಪಕ್ಕದ ಹಾಸಿಗೆಯಲ್ಲಿದ್ದವರು ನಿವೃತ್ತ ಪೋಸ್ಟ್‌ಮ್ಯಾನ್. ಮೊದಲ ದಿನ ಅವರೂ ತಮ್ಮ ಪಕ್ಷದವರೇ ಆಗಿದ್ದರು. “ಏನಮ್ಮಾ, ನಿಮ್ಮಕ್ಕ ಕುಕ್ಕರ್ ಇಟ್ಕೊಂಡು ಮಲಗಿದ್ದಾರಾ?” ಎಂದು ಕೇಳಿದರು. ಅಕ್ಕ ಅಲ್ಲಿಂದಲೇ, “ಮೂರು ಸೀಟಿ ಆಗ್ಲಿ ತಾತ, ನಿಮಗೂ ಬಡಿಸ್ತೀನಿ” ಎಂದಳು. ಅಲ್ಲಿಗೆ ಆ ದೂರು ಇತ್ಯರ್ಥವಾಯಿತು. ಸದ್ದಿನ ದೂರುಗಳು ಮನುಷ್ಯರ ನಡುವೆ ಹೀಗೆ ಇತ್ಯರ್ಥವಾಗುತ್ತವೆ, ಮಾನ್ಯರೇ. ಅದಕ್ಕೆ ದರ್ಜೆ ಬೇಕಾಗುವುದಿಲ್ಲ.

ತಮ್ಮ ತಂಡ ಬರುವ ದಿನ ಬೆಳಿಗ್ಗೆ ಆಸ್ಪತ್ರೆಗೆ ಹಬ್ಬದ ಕಳೆ. ಗೋಡೆಯ ಮೇಲೆ ಹೊಸ ಬೋರ್ಡು: ‘ನಿಶಬ್ದ ವಲಯ’. ನಾನು ಅಚ್ಚಿನ ಮನೆಯಲ್ಲಿ ಕರಡು ತಿದ್ದುವವಳು, ಕಣ್ಣಿಗೆ ಬಿದ್ದೇ ಬೀಳುತ್ತದೆ. ‘ನಿಶ್ಶಬ್ದ’ದ ಒತ್ತಕ್ಷರವನ್ನೂ ಸದ್ದೆಂದು ತೆಗೆದು ಹಾಕಿದ್ದರು. ಆಮೇಲೆ ರೋಗಿಗಳ ಕಡೆಯವರೆಲ್ಲ ಹೊರಗೆ ಹೋಗಬೇಕೆಂದು ಅಪ್ಪಣೆಯಾಯಿತು. ನಾವು ಮಾತಾಡುತ್ತೇವಂತೆ. ನಾವು ಕಾರಿಡಾರಿನಲ್ಲಿ ಸಾಲಾಗಿ ನಿಂತೆವು. ಕೊರಳಿಗೆ ಗುರುತಿನ ಚೀಟಿ ನೇತುಹಾಕಿಕೊಂಡ ಆಸ್ಪತ್ರೆಯ ಗುಣಮಟ್ಟದ ಸಂಯೋಜಕರು ನಮ್ಮನ್ನು ದಾಟಿ ಒಳಗೆ ಹೋದರು. ಅವರ ಹಿಂದೆ ತಮ್ಮ ತಂಡ. ತಂಡದವರೊಬ್ಬರು ಶಬ್ದ ಅಳೆಯುವ ಮಾಪಕವನ್ನು ಕೈಯಲ್ಲಿ ಹಿಡಿದು, ತುಂಬಿದ ಕಾಫಿ ಲೋಟ ಒಯ್ಯುವವರಂತೆ ಮೆಲ್ಲಗೆ ಹೆಜ್ಜೆ ಹಾಕುತ್ತಿದ್ದರು. ಅಳತೆ ಮುಗಿದ ಮೇಲೂ ನಮ್ಮನ್ನು ಒಳಗೆ ಬಿಡಲಿಲ್ಲ. ಸೂಪರಿಂಟೆಂಡೆಂಟರ ಕೋಣೆಯಲ್ಲಿ ಚಹಾ ನಡೆಯುತ್ತಿತ್ತು, ತಂಡ ಇನ್ನೊಂದು ಸುತ್ತು ಬಂದರೆ ಕಷ್ಟ ಎಂದರು.

ಕೊನೆಗೆ ಒಳಗೆ ಹೋದಾಗ ವಾರ್ಡು ನಿಜಕ್ಕೂ ಶಾಂತವಾಗಿತ್ತು. ಬಸ್ಸು ನಿಂತಿತ್ತು. ಆ ಕ್ಷಣ ನನಗನಿಸಿದ್ದನ್ನು ಹೇಳಿಬಿಡುತ್ತೇನೆ: ಅಕ್ಕನಿಗೆ ಗುಣವಾಯಿತು, ಯಂತ್ರದ ಅಗತ್ಯ ಕಡಿಮೆಯಾಗಿದೆ ಎಂದುಕೊಂಡೆ. ಹತ್ತಿರ ಹೋದರೆ ಅವಳು ಮುಂದಕ್ಕೆ ಬಾಗಿ ಕೂತು, ಎರಡೂ ಕೈಗಳಿಂದ ಮಂಚದ ಕಂಬಿ ಹಿಡಿದು, ಭುಜ ಎತ್ತೆತ್ತಿ ಉಸಿರು ಎಳೆಯುತ್ತಿದ್ದಳು. ತುಟಿಯ ಬಣ್ಣ ಬದಲಾಗಿತ್ತು. ಯಂತ್ರದ ಪರದೆಯ ಮೇಲೆ ಕೆಂಪಕ್ಷರ ಮಿನುಗುತ್ತಿತ್ತು, ಆದರೆ ಅಲಾರಂ ಕೇಳಿಸುತ್ತಿರಲಿಲ್ಲ. ಹರಿವು ಇಪ್ಪತ್ತು ಲೀಟರ್ ಎಂದಿತ್ತು.

“ಯಾರಕ್ಕ ಇದನ್ನ ಮುಟ್ಟಿದ್ದು?”

“ಅವನು...” ಎಂದಳು. ಉಸಿರು. “ಚೀಟಿ...” ಮತ್ತೆ ಉಸಿರು. “ಕೊರಳಿಗೆ.”

ನನ್ನ ಕೂಗಿಗೆ ಓಡಿ ಬಂದ ನರ್ಸು ಪರದೆ ನೋಡಿ ತಲೆ ಚಚ್ಚಿಕೊಂಡರು. “ಅಯ್ಯೋ, ನನ್ನನ್ನ ಸ್ವಾಗತಕ್ಕೆ ಅಂತ ಬಾಗಿಲಲ್ಲಿ ನಿಲ್ಲಿಸಿದ್ರಮ್ಮಾ! ಸ್ವಲ್ಪ ಹೊತ್ತು ಕಮ್ಮಿ ಮಾಡ್ತೀನಿ ಅಂದ್ರು, ಬೇಡ ಸಾರ್ ಅಂದೆ, ಆಮೇಲೆ ಮೊದಲಿನ ಹಾಗೇ ಇಡ್ತೀನಿ ಅಂದ್ರು.” ಅವರು ಗಾಳಿ ಏರಿಸುತ್ತಲೇ ವೈದ್ಯೆಯನ್ನು ಕರೆಸಿದರು. ಸಂಯೋಜಕರೂ ಬಂದರು. ನನ್ನ ದನಿ ಏರಿದ್ದನ್ನು ಕಂಡು ಅವರು ತುಟಿಯ ಮೇಲೆ ಬೆರಳಿಟ್ಟು ಹೇಳಿದ ಮಾತನ್ನು ತಮ್ಮ ವಿಭಾಗದ ಗೋಡೆಯ ಮೇಲೆ ಬರೆಸಬಹುದು: “ಮೇಡಂ, ದಯವಿಟ್ಟು, ಇದು ಆಸ್ಪತ್ರೆ.”

ಗಾಳಿ ಏರಿಸಿದರೂ ಅಕ್ಕ ಚೇತರಿಸಿಕೊಳ್ಳಲಿಲ್ಲ. ದಣಿದಿದ್ದಳು. ಅಂದೇ ಅವಳನ್ನು ತೀವ್ರ ನಿಗಾ ಘಟಕಕ್ಕೆ ಸಾಗಿಸಿ, ಗಂಟಲಿಗೆ ನಳಿಕೆ ಇಳಿಸಿ, ಔಷಧ ಕೊಟ್ಟು ಮಲಗಿಸಿ, ವೆಂಟಿಲೇಟರಿಗೆ ಹಾಕಿದರು. ಗಂಟಲಲ್ಲಿ ನಳಿಕೆ ಇರುವವರಿಗೆ ದನಿ ಹೊರಡುವುದಿಲ್ಲ. ಮಾರುಕಟ್ಟೆಯನ್ನೇ ಗದರಿಸುತ್ತಿದ್ದ ಹೆಂಗಸಿನ ಬಾಯಿಂದ ಒಂದು ಸ್ವರವಿಲ್ಲ. ತಮ್ಮ ಯೋಜನೆ ಇಷ್ಟು ಸಂಪೂರ್ಣವಾಗಿ ಯಶಸ್ವಿಯಾದದ್ದು ಇನ್ನೆಲ್ಲೂ ಇರಲಾರದು. ನಾವು ಆ ಘಟಕದ ಬಾಗಿಲಲ್ಲಿ ಕಾಯುತ್ತಿದ್ದಾಗಲೇ ಫಲಿತಾಂಶ ಪ್ರಕಟವಾಯಿತು. ಐದನೇ ವಾರ್ಡಿಗೆ ಪೂರ್ಣ ಅಂಕ.

ಇಲ್ಲಿ ಒಂದು ಮಾತನ್ನು ನ್ಯಾಯವಾಗಿ ಹೇಳಬೇಕು. ಗಾಳಿ ಇಳಿಸದೇ ಇದ್ದಿದ್ದರೆ ನಳಿಕೆ ತಪ್ಪುತ್ತಿತ್ತೇ ಎಂದು ವೈದ್ಯೆಯನ್ನು ಕೇಳಿದೆ. “ಖಚಿತವಾಗಿ ಹೇಳಕ್ಕಾಗಲ್ಲ. ಕೆಲವರಿಗೆ ಹೈ ಫ್ಲೋ ಸರಿಯಾಗೇ ಇದ್ರೂ ಸಾಲಲ್ಲ. ಆದ್ರೆ ಅವತ್ತು ಬೆಳಿಗ್ಗೆ ಅವರು ಸುಧಾರಿಸ್ತಾ ಇದ್ರು” ಎಂದರು. ಅವರ ಪ್ರಾಮಾಣಿಕತೆಗೆ ನಾನು ಋಣಿ. ಆದ್ದರಿಂದ ತಮ್ಮ ಯೋಜನೆಯೇ ಅಕ್ಕನನ್ನು ವೆಂಟಿಲೇಟರಿಗೆ ದೂಡಿತು ಎಂದು ನಾನು ಬರೆಯುವುದಿಲ್ಲ. ಸುಧಾರಿಸುತ್ತಿದ್ದವಳ ಉಸಿರಿಗೆ ಚಿಕಿತ್ಸೆಗೆ ಸಂಬಂಧವಿಲ್ಲದವರೊಬ್ಬರು ಕೈ ಹಾಕಿದರು, ಎಚ್ಚರಿಸಬೇಕಾದ ಅಲಾರಂನ ಬಾಯಿ ಮುಚ್ಚಿದರು, ಆಮೇಲೆ ಚಹಾ ಕುಡಿಯಲು ಹೋಗಿ ಮರೆತರು ಎಂದಷ್ಟೇ ಬರೆಯುತ್ತೇನೆ. ಇದಕ್ಕೆ ಬೆಳ್ಳಿ ಹೆಚ್ಚಾಯಿತೋ ಕಡಿಮೆಯಾಯಿತೋ ತಾವೇ ಹೇಳಬೇಕು.

ಆಸ್ಪತ್ರೆಯಲ್ಲಿ ಗದ್ದಲ ಕಡಿಮೆಯಾಗಬೇಕು ಎಂಬುದರಲ್ಲಿ ನನಗೆ ತಕರಾರಿಲ್ಲ. ನಾನೂ ಆ ಗದ್ದಲದಲ್ಲೇ ಕೂತಿದ್ದೇನೆ. ಔಷಧದ ಟ್ರಾಲಿಯ ಒಂದು ಗಾಲಿ ಇಡೀ ವಾರ್ಡಿನ ಹಲ್ಲು ಜುಮ್ಮೆನ್ನುವಂತೆ ಕಿರುಗುಟ್ಟುತ್ತದೆ. ಅದಕ್ಕೆ ನಾಲ್ಕು ಹನಿ ಎಣ್ಣೆ ಸಾಕು. ಕಬ್ಬಿಣದ ಬೀರುವಿನ ಬಾಗಿಲು ಪ್ರತಿಸಲ ಗುಡುಗುತ್ತದೆ. ದೊಡ್ಡ ವೈದ್ಯರೊಬ್ಬರ ಫೋನು ರೋಗಿಯ ಎದೆಬಡಿತ ಕೇಳುವ ಹೊತ್ತಿಗೇ ಸಿನಿಮಾ ಹಾಡು ಹಾಡುತ್ತದೆ. ತಮ್ಮ ತಂಡ ಹೋದ ಮೇಲೂ ಇವೆಲ್ಲ ಹಾಗೇ ಇವೆ, ಏಕೆಂದರೆ ಅವುಗಳಿಗೆ ತಿರುಪಿದರೆ ಸದ್ದು ಇಳಿಯುವ ಗುಂಡಿ ಇಲ್ಲ. ಗುಂಡಿ ಇದ್ದದ್ದು ಅಕ್ಕನ ಯಂತ್ರಕ್ಕೆ ಮಾತ್ರ. ಮಾಪಕಕ್ಕೆ ಕಿವಿ ಇದೆ, ಯಾವ ಸದ್ದು ಯಾರದು ಎಂಬ ತಿಳಿವಳಿಕೆ ಇಲ್ಲ. ಅದು ಯಂತ್ರ, ಅದನ್ನು ದೂರಿ ಪ್ರಯೋಜನವಿಲ್ಲ. ಅದನ್ನು ಹಿಡಿದುಕೊಂಡು ಬಂದವರಿಗೂ ಆ ತಿಳಿವಳಿಕೆ ಬೇಡವೇ? ತಮ್ಮ ಯೋಜನೆಯ ಅಂಕಪಟ್ಟಿಯಲ್ಲಿ ರೋಗಿ ಬದುಕಿದ್ದಕ್ಕೆ ಎಷ್ಟು ಅಂಕವಿದೆ? ಆ ಲೆಕ್ಕದಲ್ಲಿ ಊರಿನ ಎಲ್ಲ ಕಟ್ಟಡಗಳಿಗಿಂತ ಹೆಚ್ಚು ಅಂಕ ಪಡೆಯುವುದು ಶವಾಗಾರ ಎಂಬುದು ಯೋಜನೆ ಬರೆದವರಿಗೆ ಹೊಳೆಯಲೇ ಇಲ್ಲವೇ?

ಈಗ ಅಕ್ಕನ ಗಂಟಲಿನ ನಳಿಕೆ ತೆಗೆದು, ಐದನೇ ವಾರ್ಡಿನ ಹಳೆಯ ಹಾಸಿಗೆಗೇ ಮರಳಿ ತಂದಿದ್ದಾರೆ. ನಳಿಕೆ ತೆಗೆದ ಮೇಲೆ ಉಸಿರು ಮತ್ತೆ ಕುಸಿಯದಂತೆ ಹೈ ಫ್ಲೋ ಕೊಡುತ್ತಿದ್ದಾರೆ. ಬಸ್ಸು ಮತ್ತೆ ಓಡುತ್ತಿದೆ. ದನಿ ಒಡೆದಿದೆ, ಪಿಸುಮಾತಿಗಿಂತ ಒಂದು ಮೆಟ್ಟಿಲು ಮೇಲೆ ಅಷ್ಟೇ. ಇನ್ನೊಮ್ಮೆ ನಳಿಕೆ ಹಾಕುವ ಪ್ರಮೇಯ ಬಂದರೆ ಈ ದೇಹ ತಡೆದುಕೊಳ್ಳುವುದು ಕಷ್ಟ ಎಂದು ವೈದ್ಯೆ ನನ್ನನ್ನು ಪಕ್ಕಕ್ಕೆ ಕರೆದು ಹೇಳಿದ್ದಾರೆ. ಈ ಹೊತ್ತಿಗೆ ಸರಿಯಾಗಿ ತಾವು ಚಿನ್ನದ ದರ್ಜೆ ಹಿಡಿದುಕೊಂಡು ಬರುತ್ತಿದ್ದೀರಿ. ಮೊನ್ನೆ ಸಂಯೋಜಕರು ತಾಲೀಮಿಗೆ ಬಂದಿದ್ದರು. ಈ ಸಲ ಗುಂಡಿ ಮುಟ್ಟುವುದಿಲ್ಲ ಎಂದು ಅವರೇ ಭರವಸೆ ಕೊಟ್ಟರು. ಕಲಿತಿದ್ದಾರೆ ಎಂದು ಸಮಾಧಾನವಾಗುವಷ್ಟರಲ್ಲಿ ನರ್ಸಿನ ಕಡೆ ತಿರುಗಿದರು.

“ಸಿಸ್ಟರ್, ತಂಡ ಇರೋವಷ್ಟು ಹೊತ್ತು ಇದಕ್ಕೊಂದು ದಪ್ಪ ಕಂಬಳಿ ಹೊದಿಸಿದ್ರೆ ಹೇಗೆ?”

“ಅದಕ್ಕೆ ಚಳಿ ಆಗಲ್ಲ ಸಾರ್.”

“ತಮಾಷೆ ಅಲ್ಲ ಸಿಸ್ಟರ್, ಸದ್ದು ಒಳಗೇ ಉಳಿಯುತ್ತೆ.”

“ಬಿಸಿನೂ ಒಳಗೇ ಉಳಿಯುತ್ತೆ ಸಾರ್. ಯಂತ್ರ ಕೆಟ್ಟು ನಿಂತ್ರೆ ಆಮೇಲೆ ಯಾರಿಗೆ ಹೊದಿಸೋಣ?”

ಅಕ್ಕ ಕಣ್ಣು ಮುಚ್ಚಿ ಮಲಗಿದ್ದಳು, ನಿದ್ದೆ ಎಂದುಕೊಂಡಿದ್ದೆವು. ಒಡೆದ ದನಿಯಲ್ಲೇ ಅಂದಳು: “ಆ ಕಂಬಳೀನ ಅವರ ಮಾಪಕಕ್ಕೆ ಹೊದಿಸ್ರೀ.” ಪೋಸ್ಟ್‌ಮ್ಯಾನ್ ತಾತ ನಕ್ಕು ನಕ್ಕು ಕೆಮ್ಮಿದರು. ಆ ಕೆಮ್ಮೂ ತಮ್ಮ ಮಾನದಂಡವನ್ನು ಮೀರಿತ್ತು.

ಆದ್ದರಿಂದ ನನ್ನ ಬೇಡಿಕೆ ಇಷ್ಟು. ತಮ್ಮ ತಂಡ ಬರುವ ಮೊದಲೇ ಆದೇಶ ಹೊರಡಿಸಿ: ಉಸಿರಾಟಕ್ಕೆ ನೆರವಾಗುವ ಯಾವುದೇ ಯಂತ್ರದ ಹರಿವನ್ನಾಗಲಿ, ಅಲಾರಂನ ಸದ್ದನ್ನಾಗಲಿ, ಚಿಕಿತ್ಸೆ ಕೊಡುತ್ತಿರುವ ವೈದ್ಯರು ಮತ್ತು ನರ್ಸುಗಳ ಹೊರತು ಯಾರೂ, ಯಾವ ದರ್ಜೆಗಾಗಿಯೂ ಮುಟ್ಟಕೂಡದು ಎಂದು. ಆ ಯಂತ್ರಗಳು ಓಡುತ್ತಿರುವ ವಾರ್ಡುಗಳನ್ನು ಅಳತೆಯಿಂದ ಕೈಬಿಡಿ. ಅಷ್ಟು ಬೇಗ ಆದೇಶ ಬರೆಯುವುದು ತಮ್ಮ ಕಚೇರಿಗೆ ಕಷ್ಟವೆಂದರೆ, ಇನ್ನೊಂದು ಸುಲಭದ ದಾರಿ ಇದೆ. ಅಳೆಯದೆಯೇ, ಒಳಗೆ ಕಾಲಿಡದೆಯೇ, ಕಾರಿಡಾರಿನಿಂದಲೇ ಐದನೇ ವಾರ್ಡಿಗೆ ಸೊನ್ನೆ ಅಂಕ ಕೊಟ್ಟು ಮುಂದಿನ ವಾರ್ಡಿಗೆ ಹೋಗಿಬಿಡಿ. ಚಿನ್ನ ತಪ್ಪಿದರೆ ತಪ್ಪಲಿ. ಸೊನ್ನೆ ಸಿಕ್ಕಿದೆ ಎಂದು ಗೊತ್ತಾದರೆ ಗಾಳಿ ಸರಿಯಾಗಿ ಹರಿಯುತ್ತಿದೆ ಎಂದು ತಿಳಿದು ನಾವು ನೆಮ್ಮದಿಯಾಗಿರುತ್ತೇವೆ. ಎರಡರಲ್ಲಿ ಯಾವುದೂ ಆಗದಿದ್ದರೆ, ಅಂದು ಹಾಸಿಗೆಯ ಪಕ್ಕದ ಸ್ಟೂಲಿನಿಂದ ನಾನು ಏಳುವುದಿಲ್ಲ. ಎಬ್ಬಿಸಲು ಬಂದರೆ ಎಷ್ಟು ಸದ್ದಾಗುತ್ತದೆ ಎಂಬುದನ್ನು ತಮ್ಮ ಮಾಪಕವೇ ಹೇಳುತ್ತದೆ.

ಇಂತಿ,
ಹುಟ್ಟಿದಾಗಿನಿಂದ ಅಕ್ಕನಿಗೆ “ಸ್ವಲ್ಪ ಮೆಲ್ಲಗೆ ಮಾತಾಡೇ” ಎಂದು ಗೋಗರೆಯುತ್ತಾ ಬಂದು, ಈಗ ಆ ಮಾತನ್ನು ಬೇಷರತ್ತಾಗಿ ಹಿಂತೆಗೆದುಕೊಂಡಿರುವ
ಐದನೇ ವಾರ್ಡಿನ ರೋಗಿಯೊಬ್ಬಳ ತಂಗಿ